ಗೂಟ ಕಚ್ಚಿದ ದಿನ

ಹೆಂಡತಿ ದಿವಾಳಿ ಎದ್ದದ್ದನ್ನು ಎದೆಯುಬ್ಬಿಸಿ ಹೇಳಿಕೊಂಡು ತಿರುಗುವ ಗಂಡ ನಾನೊಬ್ಬನೇ ಇರಬೇಕು. ನಮ್ಮೂರ ಬಸ್ ಸ್ಟ್ಯಾಂಡಿನಲ್ಲಿ ಇಳಿದವರು ಯಾರೇ ಆಗಲಿ, ಚಹಾ ಕುಡಿಯಲು ನನ್ನ ಪಕ್ಕ ಕೂತರೆ ಮುಗಿಯಿತು, ರುದ್ರವ್ವನ ಕೋರ್ಟಿನ ಸಂಗತಿ ಕೇಳದೆ ಎದ್ದವರಿಲ್ಲ. ಕೆಲವರು ಬಸ್ಸನ್ನೂ ತಪ್ಪಿಸಿಕೊಂಡಿದ್ದಾರೆ. ಅದಕ್ಕೆ ನಾನು ಹೊಣೆಯಲ್ಲ, ಸಂಗತಿಯೇ ಹಾಗಿದೆ.

ನಮ್ಮೂರಿನಲ್ಲಿ ಸಾಲದ ವಾಯಿದೆ ಮುಗಿದ ಮರುದಿನ ಬೆಳಿಗ್ಗೆಯಿಂದ, ಸಾಲ ಮಾಡಿದವರ ಸಾಮಾನು ಸಾಲ ಕೊಟ್ಟವರ ಮನೆಯ ಕಡೆಗೆ ಸರಿಯಲು ಶುರುವಾಗುತ್ತದೆ. ಯಾರೂ ತಳ್ಳುವುದು ಬೇಡ, ಎಳೆಯುವುದು ಬೇಡ. ಮೊದಲು ಚಮಚ, ಚರಗಿ, ಆಮೇಲೆ ಮಣೆ, ಕುರ್ಚಿ, ಕಡೆಗೆ ಕಪಾಟು. ಅವಸರವೇನಿಲ್ಲ, ದಿನ ತುಂಬಿದ ಬಸುರಿ ನಡೆದ ಹಾಗೆ ನಿಂತು ನಿಂತು ಹೋಗುತ್ತವೆ. ಪೇಟೆಬೀದಿಯಲ್ಲಿ ಒಂದು ಮಂಚ ಅಡ್ಡ ದಾಟುತ್ತಿದ್ದರೆ ಬಸ್ಸಿನ ಡ್ರೈವರ್ ಹಾರ್ನ್ ಹೊಡೆಯುವುದಿಲ್ಲ, ಇಂಜಿನ್ ಬಂದ್ ಮಾಡಿ ಎಲೆ ಅಡಿಕೆ ಹಾಕಿಕೊಳ್ಳುತ್ತಾನೆ. ಹೆಣ್ಣು ಕೊಡುವವರು ಗಂಡಿನ ಮನೆ ನೋಡಲು ಬಂದರೆ ಹುಡುಗನ ಮುಖಕ್ಕಿಂತ ಮೊದಲು ಅಡಿಗೆಮನೆಗೆ ಹೋಗಿ ನೀರು ಕೇಳುತ್ತಾರೆ. ಸೌಟುಗಳೆಲ್ಲ ಒಂದೇ ದಿಕ್ಕಿಗೆ ವಾಲಿದ್ದರೆ ನೀರು ಕುಡಿದು, "ಮುಂದ ನೋಡೂಣ್ರಿ" ಎಂದು ಎದ್ದುಬಿಡುತ್ತಾರೆ.

ಸಾಲ ಕೊಡುವ ದೊಡ್ಡವರೆಲ್ಲ ಊರಿನ ತಗ್ಗಿನಲ್ಲಿ ಮನೆ ಕಟ್ಟಿಕೊಂಡಿದ್ದಾರೆ. ಇಳಿಜಾರಿನಲ್ಲಿ ಸಾಮಾನು ಬೇಗ ಬರುತ್ತದೆ ನೋಡಿ. ಮಳೆಗಾಲದಲ್ಲಿ ಊರ ಚರಂಡಿ ನೀರೆಲ್ಲ ಅವರ ಪಡಸಾಲೆಗೇ ನುಗ್ಗುತ್ತದೆ, ಸಾವ್ಕಾರರು ಧೋತರ ಎತ್ತಿ ಕಟ್ಟಿಕೊಂಡು ಬೋಗುಣಿಯಿಂದ ನೀರು ತೋಡಿ ಚೆಲ್ಲುತ್ತಾರೆ. ಆದರೂ ಜಾಗ ಬಿಡುವುದಿಲ್ಲ. ದಿಬ್ಬದ ಮೇಲಿನ ಬಡವರು ಯಾರಿಗಾದರೂ ಕೈಗಡ ಕೊಟ್ಟರೆ ಮಾತ್ರ ಅದು ಹೋಯಿತೆಂದೇ ಲೆಕ್ಕ. ಸಾಮಾನಿಗೆ ಏರು ಹತ್ತಲು ಆಗುವುದಿಲ್ಲ. ನಾವೆಲ್ಲ ಹಾಗೆಯೇ ತಿಳಿದಿದ್ದೆವು.

ರುದ್ರವ್ವನದು ಪೆಂಡಾಲ್ ಅಂಗಡಿ. ಮದುವೆ, ಸೀಮಂತ, ತೊಟ್ಟಿಲು, ಏನೇ ಇದ್ದರೂ ಕುರ್ಚಿ, ಜಮಖಾನೆ, ಕೊಪ್ಪರಿಗೆ ಬಾಡಿಗೆಗೆ ಕೊಡುತ್ತಿದ್ದಳು. ಕೇಳಿದವರಿಗೆ ತಾನೇ ಒಲೆ ಮುಂದೆ ನಿಂತು ಬುಂದಿ ಕರಿದು ಕೊಡುತ್ತಿದ್ದಳು. ಕಂಬ ನೆಟ್ಟು ಹಗ್ಗ ಬಿಗಿಯುವವನು ನಾನು. "ಅಂಗಡಿ ಆಕಿದು, ಸಾಲ ಆಕಿದು, ಮಾತಷ್ಟ ಫಕೀರಪ್ಪಂದು" ಎಂದು ಓಣಿಯವರು ನನ್ನನ್ನು ಆಡಿಕೊಳ್ಳುತ್ತಿದ್ದರು, ಸುಳ್ಳಲ್ಲ. ಹೊಸ ಕಲ್ಯಾಣ ಮಂಟಪ ಕಟ್ಟಿಸುತ್ತಿದ್ದವರು "ಸಾಮಾನೆಲ್ಲಾ ನಿಮ್ಮದ ಹಾಕ್ರಿ" ಎಂದು ಬಾಯಿಮಾತು ಕೊಟ್ಟರು. ಅದನ್ನು ನಂಬಿ ರುದ್ರವ್ವ ತಗ್ಗಿನ ಕೊಟ್ರಪ್ಪ ಸಾವ್ಕಾರರಲ್ಲಿ ದೊಡ್ಡ ಸಾಲ ಮಾಡಿದಳು, ಸಾಲದ್ದಕ್ಕೆ ದಿಬ್ಬದ ಮೇಲಿನ ಖೈರುನಬಿಯಿಂದಲೂ ಸ್ವಲ್ಪ ಇಸಿದುಕೊಂಡಳು. ಮಂಟಪ ಎದ್ದು ನಿಂತ ಮೇಲೆ ಅದರ ಮಾಲೀಕರು ತಮ್ಮದೇ ಕುರ್ಚಿ, ತಮ್ಮದೇ ಪಾತ್ರೆ ತರಿಸಿಕೊಂಡರು. ಊರಿನ ಮದುವೆಗಳೆಲ್ಲ ಅಲ್ಲಿಗೇ ಹೋದವು. ನಮ್ಮ ಹೊಸ ಕುರ್ಚಿಗಳು ಒಂದರ ಮಡಿಲಲ್ಲಿ ಒಂದು ಕೂತು ಧೂಳು ಹಿಡಿದವು.

ಸ್ವಲ್ಪ ಅಂದೆನಲ್ಲ, ಅದು ಸಾವ್ಕಾರರ ಲೆಕ್ಕದಲ್ಲಿ ಸ್ವಲ್ಪ. ಹೂವು ಮಾರುವ ಖೈರುನಬಿಗೆ ಅದು ಸೋರುವ ಮಾಳಿಗೆ ಸರಿಮಾಡಿಸಲೆಂದು ಮೊಳ ಮೊಳ ಮಲ್ಲಿಗೆ ಅಳೆದು ಕೂಡಿಟ್ಟದ್ದು.

ವಾಯಿದೆ ಮುಗಿದ ಮರುದಿನ ನಾನು ಹಲ್ಲುಜ್ಜುತ್ತ ಹೊರಗೆ ಬಂದರೆ, ಒಂದು ಕುರ್ಚಿ ಅಂಗಡಿಯ ಹೊಸ್ತಿಲಲ್ಲಿ ನಿಂತಿತ್ತು, ದಾಟಲೋ ಬೇಡವೋ ಎನ್ನುವ ಹೊಸ ಸೊಸೆಯ ಹಾಗೆ. ಬಿಸಿಲೇರುವ ಹೊತ್ತಿಗೆ ಅದರ ಹಿಂದೆ ಇನ್ನಷ್ಟು ಹೊರಟವು. ಇಂಥ ಹೊತ್ತಿನಲ್ಲಿ ನಮ್ಮೂರಿನ ರೂಢಿ ಏನೆಂದರೆ, ಮನೆಯವರು ಬಾಗಿಲು ಹಾಕಿಕೊಂಡು ಒಳಗೆ ಕೂಡುವುದು. ನೆರೆಯವರು ಸದ್ದಿಲ್ಲದೆ ಬಂದು ಒಂದೊಂದು ಸಾಮಾನು ಎತ್ತಿಕೊಂಡು ಹೋಗಿ ತಮ್ಮ ಮನೆಯ ಕಂಬಕ್ಕೆ ಕಟ್ಟಿಹಾಕುವುದು. ಒಳ್ಳೆಯ ಕಾಲ ಬಂದಾಗ ಬಿಚ್ಚಿ ತಂದಿಡುವುದು. ಕೇಳುವಂತಿಲ್ಲ, ಹೇಳುವಂತಿಲ್ಲ. ಬೇರೆ ಊರುಗಳಲ್ಲಿ ಸಾವಿನ ಮನೆಗೆ ಬುತ್ತಿ ಕಳಿಸುತ್ತಾರಲ್ಲ, ಹಾಗೆ ಅದು.

ರುದ್ರವ್ವ ಬಾಗಿಲು ಹಾಕಲಿಲ್ಲ. ಕಟ್ಟೆಯ ಮೇಲೆ ಕೂತು ಕುರ್ಚಿಗಳು ಇಳಿದು ಹೋಗುವುದನ್ನು ನೋಡುತ್ತಿದ್ದಳು. ಖೈರುನಬಿ ಹೂವಿನ ಬುಟ್ಟಿ ಹೊತ್ತು ಬಂದವಳು ಪಕ್ಕದಲ್ಲೇ ಕೂತಳು.

"ಎಲ್ಲಾ ಕೆಳಗ ಹೊಂಟಾವಲ್ಲಾ ರುದ್ರವ್ವಾ."

"ಹೊಂಟಾವ ಖಾಲಾ."

"ಒಂದರ ದಿಬ್ಬದ ಕಡೆ ಮಾರಿ ಮಾಡೈತೇನ ನೋಡು."

"ಇಲ್ಲ."

"ಹೋಗ್ಲಿ ಬಿಡು. ಮಳಿ ಬಂದ್ರ ಕೊಡಿ ಹಿಡ್ಕೊಂಡು ಮಲಗ್ತೀನಿ. ಮಲಗಾಕ ಕಣ್ಣು ಮುಚ್ಚಿದ್ರ ಸಾಕು, ಮಾಳಿಗಿ ಯಾಕ ಬೇಕು?" ಎಂದು ಮುದುಕಿ ನಕ್ಕಳು. ರುದ್ರವ್ವ ನಗಲಿಲ್ಲ.

ಮುದುಕಿ ಹೋದ ಮೇಲೆ ನನ್ನ ಕಡೆ ತಿರುಗಿ ಅಂದಳು, "ರೀ, ನಾ ದಿವಾಳಿ ಅರ್ಜಿ ಹಾಕ್ತೀನಿ."

ನನ್ನ ಜೀವ ಹಾರಿತು. ದಿವಾಳಿ ಅರ್ಜಿ ಅಂದರೆ ಮನೆಯ ಸಾಮಾನೆಲ್ಲ ಕೋರ್ಟಿನ ಅಂಗಳಕ್ಕೆ ಹೊತ್ತು ತಂದು, ಊರ ಮಂದಿಯ ಮುಂದೆ ಹರವಿಡಬೇಕು. ಕೋರ್ಟಿನ ಬೇಲಿಫ ಬಂದು ನಡುವೆ ಒಂದು ಗೂಟ ಹೊಡೆಯುತ್ತಾನೆ. ಗೂಟ ನೆಲವನ್ನು ಕಚ್ಚಿತೋ, ಸಾಮಾನು ನಿಂತಲ್ಲೇ ನಿಲ್ಲುತ್ತದೆ. ಆಮೇಲೆ ಜಡ್ಜರು ಸಾಲ ಕೊಟ್ಟವರನ್ನೆಲ್ಲ ಕೂಡಿಸಿ, ಕೊಟ್ಟದ್ದಕ್ಕೆ ತಕ್ಕಂತೆ ಸಾಮಾನನ್ನೇ ಪಾಲು ಮಾಡುತ್ತಾರೆ. ಕಸುಬಿನ ಕೈಸಾಮಾನು, ಹಾಸಿಗೆ ಮಂಚ, ಮೈಮೇಲಿನದು ಮಾತ್ರ ಅರ್ಜಿ ಹಾಕಿದವರಿಗೆ ಉಳಿಯುತ್ತದೆ, ತೀರದೆ ಉಳಿದ ಸಾಲ ಅಲ್ಲಿಗೆ ಮಾಫು. ಆದರೆ ಅವರ ಒಂದು ಸೂಜಿ ಕೂಡ ಬೇರೆ ಕಡೆ ಅಡಗಿರಬಾರದು. ಅಡಗಿದ್ದರೆ ಗೂಟ ಕಚ್ಚುವುದಿಲ್ಲ. ಅಂದು ಕೋರ್ಟು ಏಳುವುದರೊಳಗೆ ಕಚ್ಚದಿದ್ದರೆ ಅರ್ಜಿ ವಜಾ, ಜೀವಮಾನದಲ್ಲಿ ಆ ಬಾಗಿಲು ಮತ್ತೆ ತೆರೆಯುವುದಿಲ್ಲ. ಸಾಮಾನೆಲ್ಲ ಸೀದಾ ತಗ್ಗಿಗೆ.

"ಮಂದಿ ಏನಂತಾರ ರುದ್ರಾ?" ಎಂದೆ. "ಬಾಗಲಾ ಹಾಕ್ಕೊಂಡು ಕುಂತ್ರ ಮರ್ಯಾದಿನರ ಉಳೀತಿತ್ತು."

"ಆ ಮುದುಕಿ ರಾತ್ರಿ ಕೊಡಿ ಹಿಡ್ಕೊಂಡು ಮಲಗಿದ್ರ ಯಾರ ಮರ್ಯಾದಿ ಉಳೀತೈತ್ರಿ? ಸಾವ್ಕಾರ್ರು ತಗ್ಗಿನ್ಯಾಗ ಅದಾರಂತ ಅವ್ರಿಗೆ ಪೂರಾ, ಆಕಿ ಮ್ಯಾಲ ಅದಾಳಂತ ಆಕಿಗೆ ಏನೂ ಇಲ್ಲ. ನಾ ಇಸ್ಕೊಳ್ಳುವಾಗ ಇಬ್ಬರ ಮುಂದೂ ಒಂದ ಕೈ ಚಾಚೀನಿ." ನನ್ನ ಬಾಯಿ ಕಟ್ಟಿಹೋಯಿತು. ನನ್ನ ಬಾಯಿ ಕಟ್ಟುವುದು ಸಣ್ಣ ಕೆಲಸವಲ್ಲ.

ಅಂದೇ ಸಂಜೆ ಅವಳು ಓಣಿಯ ಮನೆ ಮನೆಗೂ ಹೋಗಿ ಕೈಮುಗಿದು ಹೇಳಿ ಬಂದಳು. "ನನ್ನ ಸಾಮಾನು ಯಾರೂ ಕಟ್ಟಬ್ಯಾಡ್ರಿ. ಒಂದು ಉಳಿದ್ರೂ ನಾ ಕೆಟ್ಟೆ." ಟೇಲರ್ ಮೋನಪ್ಪ ತಲೆಯಾಡಿಸಿದ. ಹಾಲು ಮಾರುವ ಪುತಳವ್ವ, "ಏ, ನಿನ್ನ ಸಾಮಾನು ತಗೊಂಡು ನಾ ಏನ ಮಾಡ್ಲೇ?" ಎಂದಳು. ಎಲ್ಲರೂ ಹೂಂ ಎಂದರು.

ಅರ್ಜಿ ಹಾಕಿದರೆಂದರೆ ಆಗಲೇ ತಲುಪಿದ ಸಾಮಾನನ್ನೂ ಸಾಲ ಕೊಟ್ಟವರು ಮರಳಿ ಹೊತ್ತು ತರಬೇಕು. ಹಾಗಾಗಿ ವಿಚಾರಣೆಯ ದಿನ ಕೊಟ್ರಪ್ಪ ಸಾವ್ಕಾರರು ಕೈಗಾಡಿಯಲ್ಲಿ ನಮ್ಮ ಕುರ್ಚಿಗಳನ್ನು ಹೇರಿಸಿಕೊಂಡು, ಏದುಸಿರು ಬಿಡುತ್ತ ಏರು ಹತ್ತಿ ಬಂದರು.

"ಏನ ತಂಗಿ, ನಾ ಏನ ಕಳವು ಮಾಡೀನೇನ? ಕೊಟ್ಟದ್ದು ಕೇಳೂದೂ ತಪ್ಪಾತೇನ?"

"ನಿಮ್ಮ ಹಕ್ಕು ಯಾರೂ ಇಲ್ಲ ಅಂದಿಲ್ರಿ ಸಾವ್ಕಾರ್ರ. ನಿಮ್ಮ ಹಿಂದ ಇನ್ನೊಬ್ರು ನಿಂತಾರ, ಅವ್ರನ್ನೂ ಸ್ವಲ್ಪ ಮುಂದ ಬಿಡ್ರಿ ಅಂತ ಅಷ್ಟ" ಎಂದಳು ರುದ್ರವ್ವ.

ಕೋರ್ಟಿನ ಅಂಗಳ ತುಂಬಿಹೋಗಿತ್ತು. ಕಂಪೌಂಡ್ ಗೋಡೆಯ ಆಚೆ ನಮ್ಮ ಓಣಿ ಪೂರ್ತಿ ನಿಂತಿತ್ತು. ಜಡ್ಜರು ಹೆಣ್ಣುಮಗಳು, ನಾವೆಲ್ಲ ಬಾಯಾರು ಅನ್ನುತ್ತೇವೆ, ವರಾಂಡದಲ್ಲೇ ಮೇಜು ಹಾಕಿಸಿಕೊಂಡು ಕೂತರು. ಸಾಲ ಕೊಟ್ಟವರ ಬೆಂಚಿನ ಈ ತುದಿಗೆ ಸಾವ್ಕಾರರು ಮತ್ತು ಅವರ ವಕೀಲ, ಆ ತುದಿಗೆ ಹೂವಿನ ಬುಟ್ಟಿಯನ್ನು ಮಡಿಲಲ್ಲಿಟ್ಟುಕೊಂಡ ಖೈರುನಬಿ. ನಮ್ಮ ಕುರ್ಚಿ, ಕೊಪ್ಪರಿಗೆ, ಜಮಖಾನೆ, ಒನಕೆ, ಮಂಚ, ಎಲ್ಲವೂ ಅಂಗಳದಲ್ಲಿ ತಗ್ಗಿನ ಕಡೆಯ ಗೇಟಿನತ್ತ ಸರಸರ ಸರಿಯುತ್ತಿದ್ದವು. ಜವಾನ ಆಗಾಗ ಒಂದೊಂದನ್ನು ಹಿಡಿದು ಹಿಂದಕ್ಕೆ ತರುತ್ತಿದ್ದ, ಕೋಳಿ ಅಟ್ಟುವವರ ಹಾಗೆ.

"ನಿಮ್ಮದು ಅನ್ನುವುದೆಲ್ಲ ಇಲ್ಲಿದೆಯೇ?" ಬಾಯಾರು ಕೇಳಿದರು.

"ಎಲ್ಲಾ ಐತ್ರಿ ಬಾಯಾರ. ಸತ್ಯವಾಗ್ಲೂ." ಅವಳ ದನಿ ಗೇಟಿನ ತನಕ ಕೇಳಿಸಿತು. ನಾನು ಸುತ್ತ ನೋಡಿದೆ, ಎಲ್ಲರೂ ಕೇಳಿದರು ತಾನೇ ಎಂದು.

ಬೇಲಿಫ ದೇವೇಂದ್ರಪ್ಪ ಜಾಲಿ ಕಟ್ಟಿಗೆಯ ಗೂಟವನ್ನು ನಡು ಅಂಗಳದಲ್ಲಿ ನಿಲ್ಲಿಸಿ, ಕೊಡತಿಯೆತ್ತಿ ಹೊಡೆದ. ಗೂಟ ಇಳಿಯಿತು. ಎಲ್ಲರೂ ಕುರ್ಚಿಯ ಕಾಲುಗಳನ್ನೇ ನೋಡಿದರು. ಸರಸರ, ಸರಸರ. ಕುರ್ಚಿಗಳು ನಿಲ್ಲಲಿಲ್ಲ. ದೇವೇಂದ್ರಪ್ಪ ಗೂಟಕ್ಕೆ ಕೈ ಹಚ್ಚಿದರೆ ಅದು ಹಣ್ಣು ಮುದುಕನ ಹಲ್ಲಿನ ಹಾಗೆ ಅಲ್ಲಾಡಿತು.

ಸಾವ್ಕಾರರ ವಕೀಲ ಎದ್ದು ನಿಂತ. "ನೋಡಬೇಕು ಬಾಯಾರೇ. ಅರ್ಜಿದಾರರು ಆಸ್ತಿ ಮರೆಮಾಚಿದ್ದಾರೆ. ಅರ್ಜಿ ವಜಾ ಮಾಡಬೇಕು."

ರುದ್ರವ್ವನ ಮುಖ ಕೆಂಪೇರಿತು. ಸೊಂಟದ ಎಲೆಚೀಲ ಬಿಚ್ಚಿ ಸಾಮಾನಿನ ಮೇಲಿಟ್ಟಳು. ಕಿವಿಯ ಬೆಂಡೋಲೆ ತೆಗೆದಿಟ್ಟಳು. ನಾನು ಚಪ್ಪಲಿ ಕಳಚಿಟ್ಟೆ, ಅವಳೇ ಕೊಡಿಸಿದ್ದು. ಸರಸರ, ಸರಸರ.

"ಕೋರ್ಟು ಏಳುವವರೆಗೆ ಸಮಯವಿದೆ. ನೆನಪು ಮಾಡಿಕೊಳ್ಳಿ" ಎಂದರು ಬಾಯಾರು.

ನೆನಪು ಮಾಡಿಕೊಳ್ಳಲು ಏನಿತ್ತು? ಮೂಲೆಮೂಲೆ ಗುಡಿಸಿ ತಂದಿದ್ದೆವು, ಉಳಿದದ್ದೆಲ್ಲ ಸಾವ್ಕಾರರ ಗಾಡಿಯಲ್ಲಿ ಬಂದಿದೆಯೆಂದೇ ತಿಳಿದಿದ್ದೆವು. ರುದ್ರವ್ವ ಸಾಮಾನಿನ ಮೇಲೆ ಒಮ್ಮೆ ಕಣ್ಣಾಡಿಸಿದಳು. ಆಮೇಲೆ ಗೋಡೆಯಾಚೆ ನಿಂತ ಓಣಿಯವರ ಕಡೆ ನೋಡಿದಳು. ಅಷ್ಟೂ ಜನ ಬೇವಿನ ಮರದಲ್ಲಿ ಏನೋ ಕಂಡವರಂತೆ ಕತ್ತೆತ್ತಿ ಮೇಲೆ ನೋಡುತ್ತಿದ್ದರು.

"ಅಯ್ಯ ನಿಮ್ಮ!" ಎಂದಳು. "ನಾ ಬ್ಯಾಡ ಅಂದಿದ್ದೆನೋ ಇಲ್ಲೋ?"

ವಕೀಲ ಹಾರಿ ಬಿದ್ದ. "ಸಂಚು ಬಾಯಾರೇ, ಓಣಿಗೆ ಓಣಿಯೇ ಸಂಚು! ಮುಚ್ಚಿಟ್ಟವರಿಗೆಲ್ಲ ದಂಡ ಬೀಳಬೇಕು. ಯಾರು ಯಾರು ಎಂದು ಈಕೆ ಹೆಸರು ಹೇಳಲಿ."

ಬಾಯಾರು ರುದ್ರವ್ವನ ಮುಖ ನೋಡಿದರು. "ಮುಚ್ಚಿಟ್ಟವರಿಗೆ ದಂಡ ಇರುವುದು ಹೌದು. ಹೆಸರು ಹೇಳುತ್ತೀರಾ?"

"ಇಲ್ರಿ ಬಾಯಾರ. ಸಾಲ ನಂದು, ಅವ್ರದಲ್ಲ. ನಾ ಒಬ್ಬರ ಹೆಸರೂ ಹೇಳೂದಿಲ್ಲ." ನಂತರ ಗೋಡೆಯ ಕಡೆ ತಿರುಗಿ, ಒಲೆ ಮುಂದೆ ಹತ್ತಾಳಿಗೆ ಕೆಲಸ ಹಂಚುವಾಗಿನ ದನಿಯಲ್ಲಿ ಅಂದಳು, "ಕೇಳ್ರಿ ಇಲ್ಲೆ. ನೀವು ಪ್ರೀತಿಲೇ ಕಟ್ಟೀರಿ, ನನಗ ಗೊತ್ತು. ಆದ್ರ ಇವತ್ತು ಗೂಟ ಕಚ್ಚಲಿಲ್ಲಂದ್ರ ಖೈರುನಬಿಗೆ ಒಂದು ಚರಗಿನೂ ಸಿಗೂದಿಲ್ಲ. ನಾ ಸುಳ್ಳಿ ಅನ್ನಿಸ್ಕೊಂಡು ಮನಿಗೆ ಹೋಗ್ಬೇಕು. ತರೋರು ತರ್ರಿ, ಬಿಡೋರು ಬಿಡ್ರಿ. ನಾ ಇಲ್ಲೇ ನಿಂತಿರ್ತೀನಿ."

ಮೊದಲು ಕದಲಿದ್ದು ಪುತಳವ್ವ. ಬಿರಬಿರನೆ ಹೋಗಿ ಒಂದು ತಾಮ್ರದ ಹಂಡೆಯನ್ನು ಸೊಂಟದ ಮೇಲಿಟ್ಟುಕೊಂಡು ಬಂದಳು. ಎಮ್ಮೆಯ ಹಗ್ಗ ಇನ್ನೂ ಅದರ ಕೊರಳಲ್ಲೇ ಇತ್ತು. "ಬರ್ಕೊಳ್ರಿ ಬಾಯಾರ, ಪುತಳವ್ವ ಅಂತ. ಪೂರಾ ಹೆಸರು ಪುತಳಾಬಾಯಿ. ಎಷ್ಟು ದಂಡ ಅದನ್ನೂ ಹೇಳ್ರಿ, ಹಾಲಿನ ರೊಕ್ಕ ಬಂದ ಕೂಡ್ಲೇ ಕಟ್ತೀನಿ." ಅವಳ ಹಿಂದೆ ಮೋನಪ್ಪ, ತಲೆಯ ಮೇಲೆ ಹಿಟ್ಟು ಕಲಸುವ ಪರಾತ. "ನಂದು ಇದೊಂದ ಅಕ್ಕಾ. ಒಂದರಿಂದ ಏನಾಗ್ತೈತಿ ಅಂತ ಕಟ್ಟಿದ್ದೆ." ಆ ಮಾತನ್ನೇ ಎಲ್ಲರೂ ಹೇಳಿದರು ನೋಡಿ! ಜಮಖಾನೆ ತಂದವರು, ಸೌಟು ತಂದವರು, ಕುರ್ಚಿ ತಂದವರು, ಎಲ್ಲರದೂ ‘ನಂದೊಂದ’. ಪ್ರತಿಯೊಬ್ಬರೂ ತಾವೊಬ್ಬರೇ ಕಟ್ಟಿದ್ದೇವೆಂದು ತಿಳಿದಿದ್ದರು. ಗುಮಾಸ್ತ ಹೆಸರು ಬರೆದು ಬರೆದು ಬೆರಳು ನೆಟಿಗೆ ಮುರಿದುಕೊಂಡ. ದಂಡ ಕಟ್ಟಲು ನಿಂತ ಸಾಲನ್ನು ನಾನು ಅಷ್ಟು ಉದ್ದಕ್ಕೆ ಎಂದೂ ಕಂಡಿಲ್ಲ, ರೇಷನ್ ಅಂಗಡಿಯ ಮುಂದೆಯೂ.

ದೇವೇಂದ್ರಪ್ಪ ಮತ್ತೆ ಕೊಡತಿ ಎತ್ತಿದ. ಧಡ್. ಕುರ್ಚಿಗಳು ನಿಂತವು. ಮಂದಿ ಚಪ್ಪಾಳೆ ಹೊಡೆಯಲು ಕೈ ಎತ್ತಿದರು. ಅಷ್ಟರಲ್ಲಿ ಮೂಲೆಯ ಒಂದು ಕುರ್ಚಿಯ ಕಾಲು ಕರ್ರ್ ಎಂದಿತು, ಅದರ ಹಿಂದೆ ಇನ್ನೊಂದು. ಸರಸರ.

ಗೋಡೆಯಾಚೆಯವ‌ರು ಒಬ್ಬರ ಮುಖ ಒಬ್ಬರು ನೋಡಿದರು. "ಇನ್ನ ಯಾರಲೇ?" "ನನ್ನ ಕಡೆ ಇಲ್ಲಪಾ." "ನನ್ನ ಕಡೆನೂ ಇಲ್ಲ, ಮಗಳ ಆಣಿ." ವರಾಂಡದ ಬಿಸಿಲು ಗೋಡೆಗೆ ಏರಿತ್ತು. ಗುಮಾಸ್ತ ಕಾಗದ ಕಟ್ಟತೊಡಗಿದ. ರುದ್ರವ್ವ ಗೂಟದ ಪಕ್ಕ ನೆಟ್ಟಗೆ ನಿಂತೇ ಇದ್ದಳು, ತುಟಿ ಮಾತ್ರ ಬಿಗಿದಿತ್ತು.

"ಬಾಯಾರ" ಎಂದು ಸಣ್ಣ ದನಿಯೊಂದು ಬಂತು. ಸಾಲ ಕೊಟ್ಟವರ ಬೆಂಚಿನ ತುದಿಯಿಂದ. ಖೈರುನಬಿ ಮಡಿಲಿನ ಬುಟ್ಟಿಯ ಹಸಿ ಬಟ್ಟೆ ಸರಿಸಿ, ಮಲ್ಲಿಗೆಯ ದಂಡೆಗಳ ಕೆಳಗಿಂದ ಬುಂದಿ ಕರಿಯುವ ತೂತುತೂತಿನ ಹಿತ್ತಾಳೆಯ ಸೌಟು, ಜಾರಿಯನ್ನು ಹೊರಗೆ ತೆಗೆದಳು. "ಇದು ನನ್ನ ಕಡೆ ಇತ್ರಿ."

ವಕೀಲನ ಕಣ್ಣು ಮಿಂಚಿತು. ಸಾಲ ಕೊಟ್ಟವರೇ ಸಾಮಾನು ಮುಚ್ಚಿಟ್ಟರೆ ಅವರ ಪಾಲು ರದ್ದು, ಅದು ಇನ್ನೊಬ್ಬರಿಗೆ ಸೇರುತ್ತದೆ. ಬೆಂಚಿನ ಮೇಲೆ ಕೂಡುವ ಮೊದಲು ಅದನ್ನು ಎಲ್ಲರಿಗೂ ಓದಿ ಹೇಳಿರುತ್ತಾರೆ. ಮುದುಕಿಗೂ ಗೊತ್ತಿತ್ತು. ಅದಕ್ಕೇ ಅಷ್ಟು ಹೊತ್ತು ಬುಟ್ಟಿಯನ್ನು ಅಪ್ಪಿ ಹಿಡಿದು ಕೂತಿದ್ದಳು.

"ನಿಮಗೇ ಬರಬೇಕಾದ ಸಾಲ ಇದೆ. ನೀವೇ ಯಾಕೆ ಮುಚ್ಚಿಟ್ಟಿರಿ ತಾಯಿ?" ಬಾಯಾರ ದನಿ ಮೆತ್ತಗಿತ್ತು.

"ಆಕಿ ಕೈಯಾಗ ಜಾರಿ ಇಲ್ದ ಇದ್ರ ಬುಂದಿ ಹೆಂಗ ಕರೀತಾಳ್ರಿ? ಪಾಲು ಮಾಡೂದ್ರಾಗ ಯಾರ ಕೈಗೆ ಹೋಗ್ತೈತೋ ಅಂತ ಅಂಜಿದೆ. ಮನ್ಯಾಗ ಇಟ್ರ ಕೆಳಗ ಸರೀತಿತ್ತು, ಅದಕ್ಕ ಬುಟ್ಟ್ಯಾಗ ಹಾಕ್ಕೊಂಡು ತಿರುಗಾಕತ್ತಿದ್ದೆ. ಕಾಯ್ದೆ ಏನು ಹೇಳ್ತೈತೋ ಅದನ್ನ ಮಾಡ್ರಿ. ಆಕಿ ಮಾತ್ರ ಸುಳ್ಳಿ ಅಲ್ಲ."

ರುದ್ರವ್ವನಿಗೆ ಬೈಯಬೇಕೋ ಅಳಬೇಕೋ ತಿಳಿಯಲಿಲ್ಲ. "ಖಾಲಾ, ನೀನೂನಾ?" ಎಂದಷ್ಟೇ ಅಂದಳು.

ಬಾಯಾರು ಸಾವ್ಕಾರರ ಕಡೆ ತಿರುಗಿದರು. "ಇದರಲ್ಲಿ ತಕರಾರು ಎತ್ತುವ ಹಕ್ಕು ನಿಮಗೆ ಮಾತ್ರ ಇದೆ. ನೀವು ಕೇಳಿದರೆ ಈಕೆಯ ಪಾಲು ನಿಮ್ಮದಾಗುತ್ತದೆ. ಕೇಳುತ್ತೀರಾ?"

ವಕೀಲ ಸಾವ್ಕಾರರ ಅಂಗಿಯ ತುದಿ ಜಗ್ಗಿದ. ಕೊಟ್ರಪ್ಪ ಸಾವ್ಕಾರರು ಮುದುಕಿಯನ್ನು ನೋಡಿದರು, ಗೋಡೆಯಾಚೆ ದಂಡದ ಸಾಲಿನಲ್ಲಿ ನಿಂತವರನ್ನು ನೋಡಿದರು, ಕೈ ಕೊಡವಿ ಅಂಗಿ ಬಿಡಿಸಿಕೊಂಡು ಎದ್ದರು.

"ತಕರಾರಿಲ್ರಿ. ನಾ ಸಾಲ ವಸೂಲಿ ಮಾಡಾಕ ಬಂದೀನಿ, ಮುದುಕಿ ಮಾಳಿಗಿ ಕೀಳಾಕ ಬಂದಿಲ್ಲ. ಮನಿಯೊಳಗ ನೀರು ಬಂದ್ರ ಹೆಂಗಿರ್ತೈತಿ ಅನ್ನೂದು ಈ ಊರಾಗ ನನಗಿಂತಾ ಯಾರಿಗೆ ಗೊತ್ತೈತ್ರಿ?" ಅಂದು ಸಾವ್ಕಾರರಿಗೆ ಚಪ್ಪಾಳೆ ಬಿತ್ತು. ಅವರ ಜೀವಮಾನದಲ್ಲಿ ಅದೇ ಮೊದಲು. ಕೈ ಎಲ್ಲಿಡಬೇಕೆಂದು ತಿಳಿಯದೆ ಧೋತರದ ಚುಂಗು ಹಿಡಿದುಕೊಂಡು ಕೂತರು.

ಖೈರುನಬಿ ಜಾರಿಯನ್ನು ಸಾಮಾನಿನ ನಡುವೆ ಇಟ್ಟಳು. ದೇವೇಂದ್ರಪ್ಪ ಅಂಗೈಗೆ ಉಗುಳಿಕೊಂಡು ಕೊಡತಿ ಬೀಸಿದ. ಆ ಸದ್ದೇ ಬೇರೆ. ಕಲ್ಲಿಗೆ ಬೇರು ಹೊಕ್ಕ ಹಾಗೆ. ಬೆಳಗಿನಿಂದ ಕಿವಿಯಲ್ಲಿದ್ದ ಸರಸರ ನಿಂತುಹೋಗಿ, ಬೇವಿನ ಮರದ ಕಾಗೆ ರೆಕ್ಕೆ ಬಡಿದದ್ದು ಕೇಳಿಸಿತು. ಒಂದು ಚಮಚವೂ ಕದಲಲಿಲ್ಲ.

"ಅರ್ಜಿದಾರರು ಏನನ್ನೂ ಮುಚ್ಚಿಟ್ಟಿಲ್ಲ. ಗೂಟ ಕಚ್ಚಿದೆ. ಅರ್ಜಿ ಮಂಜೂರು" ಎಂದರು ಬಾಯಾರು. ಒಂದು ಕೊಪ್ಪರಿಗೆ, ಆ ಜಾರಿ, ನನ್ನ ಹಗ್ಗ, ಹಾರೆ ರುದ್ರವ್ವನ ಕಸುಬಿಗೆ ಉಳಿದವು. ಹಾಸಿಗೆ, ಮಂಚ, ಮೈಮೇಲಿನ ಒಡವೆ ಮನೆಗೆ ಉಳಿದವು, ನನ್ನ ಚಪ್ಪಲಿಯೂ ಮರಳಿ ಬಂತು. ಉಳಿದದ್ದು ಕೊಟ್ಟದ್ದಕ್ಕೆ ತಕ್ಕ ಪಾಲು. ಇಬ್ಬರಿಗೂ ಪೂರ್ತಿ ಮುಟ್ಟಲಿಲ್ಲ ನಿಜ, ಆದರೆ ಇಬ್ಬರಿಗೂ ಒಂದೇ ಅಳತೆಯಲ್ಲಿ ಕಡಿಮೆ ಮುಟ್ಟಿತು. ಓಣಿಯವರಿಗೆ ದಂಡವೂ ಬಿತ್ತು. ರಸೀದಿಯನ್ನು ಮೋನಪ್ಪ ಈಗಲೂ ಅಂಗಡಿಯ ಗೋಡೆಗೆ, ದೇವರ ಪಟದ ಪಕ್ಕ, ಅಂಟಿಸಿಕೊಂಡಿದ್ದಾನೆ.

ಪಾಲಾದ ಮೇಲೆ ಖೈರುನಬಿಯ ಕುರ್ಚಿಗಳನ್ನು ಹೊತ್ತು ಹೋಗೋಣವೆಂದು ನಾನು ಹೆಗಲಿಗೆ ಹಗ್ಗ ಹಾಕಿಕೊಂಡು ಬಂದೆ. ದೇವೇಂದ್ರಪ್ಪ ಗೂಟ ಕಿತ್ತ. ಸಾವ್ಕಾರರ ಪಾಲು ತಗ್ಗಿನ ಗೇಟಿನತ್ತ ಹೊರಟಿತು. ಮುದುಕಿಯ ಕುರ್ಚಿಗಳು ಒಂದು ಗಳಿಗೆ ನಿಂತವು, ಮೆಲ್ಲಗೆ ಹಿಂದಕ್ಕೆ ತಿರುಗಿದವು, ಮೇಲಿನ ಗೇಟು ದಾಟಿದವು. ನಾನು ಹಗ್ಗ ಕೆಳಗೆ ಬಿಟ್ಟೆ. ನಮ್ಮೂರು ಹುಟ್ಟಿದಾಗಿನಿಂದ ಆಗದೆ ಇದ್ದದ್ದು! ಒಂದರ ಹಿಂದೆ ಒಂದು, ಕಾಲೂರಿ ಕಾಲೂರಿ, ಕುರ್ಚಿಗಳು ದಿಬ್ಬದ ಮೆಟ್ಟಿಲು ಹತ್ತತೊಡಗಿದವು. ಬಸ್ಸುಗಳು ನಿಂತವು. ಹೋಟೆಲಿನವರು ಎಸರಿಗಿಟ್ಟದ್ದು ಬಿಟ್ಟು ಬಂದರು. ಯಾವುದೋ ಮೆಟ್ಟಿಲಲ್ಲಿ ಒಂದು ಕುರ್ಚಿ ಎಡವಿತು. ನಾನು ಎತ್ತಲು ಹೋದರೆ, ಪಕ್ಕದಲ್ಲೇ ತಲೆಯೆತ್ತಿ ನಡೆಯುತ್ತಿದ್ದ ರುದ್ರವ್ವ ನನ್ನ ಕೈ ಹಿಡಿದಳು. "ಬಿಡ್ರಿ. ತಾನ ಹತ್ತತೈತಿ." ಹತ್ತಿತು.

ಖೈರುನಬಿ ತನ್ನ ಅಂಗಳದಲ್ಲಿ ಅವನ್ನು ಸಾಲಾಗಿ ನಿಲ್ಲಿಸಿಕೊಂಡು, ಒಂದೊಂದರ ಬೆನ್ನು ತಟ್ಟಿ ನೋಡಿದಳು. "ನಾಳಿಂದ ಬಾಡಿಗಿಗೆ ಬಿಡ್ತೀನಿ. ಮಳಿಗಾಲಕ್ಕ ಮಾಳಿಗಿ ಆಗ್ತೈತಿ. ನಿನಗ ಬುಂದಿ ಕೆಲಸ ಸಿಕ್ಕಾಗ ಕುರ್ಚಿ ಬೇಕಾದ್ರ ಬಾ, ಆದ್ರ ರೇಟಿನ್ಯಾಗ ಚೌಕಾಸಿ ಇಲ್ಲ." ಆಮೇಲೆ ಒಂದು ಕುರ್ಚಿಯಲ್ಲಿ ತಾನು ಕೂತು, ಇನ್ನೊಂದನ್ನು ಮುಂದೆ ನೂಕಿದಳು. "ಕುಂದ್ರು ರುದ್ರವ್ವಾ."

"ಬ್ಯಾಡ ಖಾಲಾ. ಇವು ಈಗ ನಿನ್ನವು."

"ನನ್ನವು ಅಂತನ ಕುಂದ್ರು ಅನ್ನಾಕತ್ತೀನಿ. ನಿನ್ನವಿದ್ರ ನಾ ಯಾಕ ಹೇಳ್ತಿದ್ದೆ?"

ರುದ್ರವ್ವ ಸೆರಗು ಸರಿಮಾಡಿಕೊಂಡಳು. ಕುರ್ಚಿಯನ್ನು ಊರು ಪೂರ್ತಿ ಕಾಣುವ ಹಾಗೆ ತಗ್ಗಿನ ಕಡೆಗೆ ತಿರುಗಿಸಿ, ಕಾಲ ಮೇಲೆ ಕಾಲು ಹಾಕಿಕೊಂಡು ಕೂತಳು.